ನಮ್ಮನೇಲೇ ಉಳಿದ ಅಕೌಂಟು

ಬೆಳಿಗ್ಗೆ ನನ್ನ ತಮ್ಮ ವಾಟ್ಸಾಪಿನಲ್ಲಿ ಒಂದು ಫೋಟೊ ಕಳಿಸಿದ್ದ. ಹಳೆಯ ಆನ್‌ಲೈನ್ ಆಟವೊಂದರ ಲಾಗಿನ್ ಪುಟ, ಅದರಲ್ಲೊಂದು ಪ್ರಶ್ನೆ: ‘ನೀವು ಸಾಕಿದ ಮೊದಲ ಪ್ರಾಣಿಯ ಹೆಸರೇನು?’ ನೋಡಿದ್ದೇ ತಡ, ಹೊಳಲ್ಕೆರೆಯಲ್ಲಿದ್ದ ಅಪ್ಪನ ಜೆರಾಕ್ಸ್ ಅಂಗಡಿಯ ಬಿಸಿ ಹಾಳೆಯ ವಾಸನೆ ಮೂಗಿಗೆ ಬಡಿಯಿತು.

ಗಿರಾಕಿಗಳಿಲ್ಲದ ಮಧ್ಯಾಹ್ನ ಅಪ್ಪ ಎಲೆಅಡಿಕೆ ಹಾಕಿಕೊಂಡು ಕುರ್ಚಿಯಲ್ಲೇ ತೂಕಡಿಸುತ್ತಿದ್ದ. ಆಗ ಕಂಪ್ಯೂಟರ್ ನನ್ನದು. ಆ ಅಕೌಂಟು ತೆರೆದವಳು ನಾನೇ. ಪಾಸ್‌ವರ್ಡ್ ಮರೆತರೆ ಇರಲಿ ಎಂದು ಅದು ಕೇಳಿದ ಈ ಪ್ರಶ್ನೆಗೆ, ಬಾಟಲಿಯಲ್ಲಿ ಹಾಲು ಕುಡಿಸಿ ನಾನು ಬೆಳೆಸಿದ್ದ ಮೇಕೆಮರಿಯ ಹೆಸರು ಬರೆದಿದ್ದೆ. ತಮ್ಮನ ಜವಳದ ಊಟಕ್ಕೆ ಅಪ್ಪ ಕೊಯ್ಯಿಸಿದ್ದು ಅದನ್ನೇ.

ರಜೆಯೆಲ್ಲ ಕೂತು ಆಟದಲ್ಲೊಂದು ಕೋಟೆ ಕಟ್ಟಿದೆ. ಅಷ್ಟರಲ್ಲಿ ತಮ್ಮನಿಗೆ ಮೌಸ್ ಹಿಡಿಯುವ ವಯಸ್ಸಾಯಿತು. ಅದೇ ಕೋಟೆ ಬೇಕೆಂದು ಅತ್ತ.

“ಪಾಸ್‌ವರ್ಡ್ ಅವ್ನಿಗೆ ಕೊಡವ್ವ,” ಎಂದ ಅಪ್ಪ.

“ಅವ್ನಿಗೆ ಬ್ಯಾರೆ ಅಕೌಂಟ್ ಮಾಡಿಕೊಡ್ತೀನಿ.”

“ನೀನು ನಾಳೆ ಇನ್ನೊಬ್ರ ಮನೆಗೆ ಹೋಗೋಳು. ಇದು ನಮ್ಮನೇಲೇ ಇರ್ಲಿ.”

ನಾನು ಬರೆದುಕೊಟ್ಟೆ. ಅಪ್ಪ ಅವತ್ತೇ ಪಾಸ್‌ವರ್ಡ್ ಬದಲಾಯಿಸಿದ.

ಫೋಟೊ ಹಿಂದೆಯೇ ತಮ್ಮನ ಫೋನು ಬಂತು. “ಅಕ್ಕಾ, ಪಾಸ್‌ವರ್ಡ್ ಮರ್ತೋಗೈತೆ. ಒಂದ್ಸಲ ಒಳಗೋಗಿ ಕೋಟೆ ನೋಡಾಣ ಅಂತ. ಅದೇನು ಹೆಸ್ರು ಹೇಳಕ್ಕ.”

“ಅಪ್ಪನ್ನ ಕೇಳು.”

“ಕೇಳ್ದೆ. ಜವಳದ ಊಟ ನೆನಪೈತಂತೆ. ಮರಿಗೊಂದು ಹೆಸ್ರಿತ್ತಾ ಅಂತಾನೆ.”

“ಹಂಗಾದ್ರೆ ಅಕೌಂಟು ನಿಮ್ಮನೇಲೇ ಇರ್ಲಿ ಬಿಡಪ್ಪ,” ಎಂದು ಫೋನಿಟ್ಟೆ.