ಬಂಗಾರದ ಅಂಚಿನ ತಾಟು

ಬೆಟಗೇರಿಯಿಂದ ಶಿರಹಟ್ಟಿಯ ಶಾಲೆಗೆ ದಿನಾ ಬಸ್ಸಿನಲ್ಲಿ ಹೋಗುತ್ತಿದ್ದೆ. ಮುಂಜಾನೆ ಕಟ್ಟಿಕೊಂಡ ಬುತ್ತಿ ಮಧ್ಯಾಹ್ನಕ್ಕೆ ತಣ್ಣಗಾಗಿರುತ್ತಿತ್ತು. ನಾನು ಕೆಲಸಕ್ಕೆ ಸೇರಿದ ವರ್ಷವೇ ಶಿಕ್ಷಕರ ಕೋಣೆಗೆ ಮೈಕ್ರೋವೇವ್ ಬಂತು. ಅದನ್ನು ಮುಟ್ಟಿ ಗೊತ್ತಿಲ್ಲದ ನಾನು, ಫಾಯಿಲ್ ಸುತ್ತಿದ ಚಪಾತಿಯನ್ನು ಹಾಗೇ ಒಳಗಿಟ್ಟು ಗುಂಡಿ ಒತ್ತಿದೆ. ಚಟಚಟನೆ ನೀಲಿ ಕಿಡಿ ಹಾರಿದವು.

ಓಡಿ ಬಂದು ಬಂದ್ ಮಾಡಿದವರು ಗಣಿತದ ಹಿರಿಯ ಶಿಕ್ಷಕಿ, ಶಾಲೆಯಲ್ಲಿ ಎಲ್ಲರೂ 'ಬಾಯಾರು' ಎನ್ನುತ್ತಿದ್ದವರು. "ಹುಟ್ಟಿದಾಗಿಂದ ಒಲಿ ಬಿಟ್ಟು ಏನೂ ನೋಡಿಲ್ಲೇನವಾ ನೀನು?" ಎಂದು ಎಲ್ಲರೆದುರು ಕೇಳಿದರು. ಅಷ್ಟಕ್ಕೆ ಬಿಟ್ಟಿದ್ದರೆ ಮರೆಯುತ್ತಿದ್ದೆನೇನೋ. ಅದೇ ಸುದ್ದಿಯನ್ನು ನನ್ನದೇ ತರಗತಿಯ ಮಕ್ಕಳಿಗೆ ಹೇಳಿ ನಗಿಸಿದರು. ಮರುದಿನದಿಂದ ನಾನು 'ಕಿಡಿ ಟೀಚರ್' ಆದೆ.

ಆಮೇಲೆ ತಣ್ಣನೆಯ ರೊಟ್ಟಿಯನ್ನೇ ಉಂಡೆ. ಆದರೆ ಕಪಾಟಿನಲ್ಲಿದ್ದ ಮೈಕ್ರೋವೇವಿನ ಪುಸ್ತಿಕೆ ತೆಗೆದು ಅಕ್ಷರ ಬಿಡದೆ ಓದಿದೆ. ಸ್ಟೀಲು ಬೇಡ, ಫಾಯಿಲ್ ಬೇಡ, ಬಂಗಾರ ಬೆಳ್ಳಿ ಬಣ್ಣದ ಗೆರೆಯಿರುವ ಪಿಂಗಾಣಿಯೂ ಬೇಡ. ಕಿಡಿ ಬಂದರೆ ಬಾಗಿಲು ತೆರೆಯದೆ ಸ್ವಿಚ್ ತೆಗೆಯಬೇಕು.

ಎರಡು ವರ್ಷದ ಮೇಲೆ ಬಾಯಾರ ಮಗಳ ಮದುವೆ ನಿಶ್ಚಯವಾಯಿತು. ಬೀಗರು ಕೊಟ್ಟ ಪಿಂಗಾಣಿ ತಾಟಿನಲ್ಲಿ ಅವರು ಶಾಲೆಗೆ ಎಲ್ಲರಿಗೂ ಹೋಳಿಗೆ ತಂದರು. ತಾಟಿನ ಸುತ್ತ ಬಂಗಾರದ ಗೆರೆ ಹೊಳೆಯುತ್ತಿತ್ತು. ಬಿಸಿ ಮಾಡಲು ಅದನ್ನು ಒಳಗಿಡುವುದನ್ನು ನೋಡಿದೆ. ಮಾತು ನಾಲಿಗೆಯ ತುದಿಗೆ ಬಂದಿತ್ತು, ನುಂಗಿಕೊಂಡೆ. ಎದ್ದು ಹೋಗಿ ಸ್ವಿಚ್ಚಿನ ಪಕ್ಕ ನಿಂತೆ.

ಕಿಡಿ ಗೆರೆಗುಂಟ ಸರಸರನೆ ಓಡಿದವು. ಬಾಯಾರು ಬಾಗಿಲಿಗೆ ಕೈ ಹಾಕಿದರು. "ತಗೀಬ್ಯಾಡ್ರಿ" ಎಂದು ನಾನು ಸ್ವಿಚ್ ತೆಗೆದೆ.

ತಾಟು ಹೊರಬಂದಾಗ ಗೆರೆಯೆಲ್ಲ ಕರಕಲಾಗಿತ್ತು. ಅವರು ಅದನ್ನು ಸೆರಗಿನಿಂದ ಉಜ್ಜುತ್ತ ನನ್ನತ್ತ ನೋಡಿದರು.

"ನಿನಗ ಗೊತ್ತಿತ್ತೇನು?"

"ಗೊತ್ತಿತ್ರಿ."

"ಮತ್ತ ಹೇಳಬೇಕೋ ಇಲ್ಲೋ?"

"ಬೇಕಂತನ ಹೇಳ್ಲಿಲ್ರಿ."

ಹೋಳಿಗೆಯನ್ನು ಯಾರೋ ಬೇರೆ ಡಬ್ಬಿಗೆ ಹಾಕಿದರು. ಬಾಯಾರು ತಾಟನ್ನು ಚೀಲದಲ್ಲಿಟ್ಟುಕೊಂಡು ತರಗತಿಗೆ ಹೋದರು. ಅವರ ಕಣ್ಣು ತುಂಬಿದ್ದು ಕಂಡಿತು. ನನಗೆ ಮರುಕ ಬರಲಿಲ್ಲ.

ಮುಂದಿನ ಸೋಮವಾರ ಹೆಡ್‌ಮಾಸ್ತರರು ಯಾವ ಪಾತ್ರೆ ಇಡಬೇಕು, ಯಾವುದು ಬೇಡ ಎಂದು ಎಲ್ಲರಿಗೂ ತಿಳಿಸಲು ನನಗೇ ಹೇಳಿದರು. ಬಾಯಾರು ಕೊನೆಯ ಕುರ್ಚಿಯಲ್ಲಿ ತಲೆ ತಗ್ಗಿಸಿ ಕೂತಿದ್ದರು. ಐದು ನಿಮಿಷದ ಮಾತನ್ನು ನಾನು ಅರ್ಧ ತಾಸು ಎಳೆದೆ.