ಉತಾರಕ್ಕಿಂತ ಮೊದಲ ಹಂಚಿದ ಪೇಢೆ

ನಮ್ಮ ಕಡೆ ಅಣ್ಣತಮ್ಮಂದಿರು ಹೊಲ ವಾಟ್ನಿ ಮಾಡಿಕೊಂಡ್ರ ಕಾಗದಕ್ಕ ಹೋಗೂದಿಲ್ಲ. ಹಿರ್ಯಾರು ನಾಕ ಮಂದಿ ಹೊಲದಾಗ ನಿಂತು ಬದು ತೋರಿಸಿ ಕಲ್ಲು ಹುಗಿಸ್ತಾರ, ಮುಗೀತು. ಬರದು ಕೊಡು ಅಂತ ಕೇಳಿದಾವ ಅಣ್ಣನ್ನ ನಂಬದಾವ ಅಂತ ಊರು ಆಡಿಕೊಳ್ತೈತಿ. ದೇವಣಗಾಂವ ಹಾದಿಗಿರೋ ನಮ್ಮ ಎರಿ ಹೊಲಾನೂ ಹಂಗ ದೊಡ್ಡಪ್ಪಗೊಂದು ಅಪ್ಪಗೊಂದು ಎರಡು ಪಾಲಾತು. ಸರ್ಕಾರದ ಉತಾರದಾಗ, ಅಂದ್ರ ಪಹಣಿಯೊಳಗ ಮಾತ್ರ, ಮನಿ ಹಿರ್ಯಾ ಅಂತ, ದೊಡ್ಡಪ್ಪನ ಹೆಸರೊಂದ ಉಳೀತು.

ದೊಡ್ಡಪ್ಪ ಹೋದ, ಅಪ್ಪನೂ ಹೋದ. ಅವ್ವ ಲಗ್ನಾಗಿ ಬಂದಾಗಿಂದ ಆ ಹೊಲದಾಗ ಕಳೆ ತಗದಾಕಿ. ಕಣ್ಣು ಮುಚ್ಚೂದ್ರೊಳಗ ನಮ್ಮ ಪಾಲಿನ ಉತಾರದಾಗ ತನ್ನ ಹೆಸರು ಬರಬೇಕು, ಇಷ್ಟ ಆಕಿ ಆಸೆ. ಸಿಂದಗಿ ತಹಶೀಲ್ದಾರ ಕಚೇರಿಗೆ ಅರ್ಜಿ ಕೊಟ್ವಿ. ಅವರು ಆಗೂದಿಲ್ಲ ಅನ್ನಲಿಲ್ಲ, ಆಗ್ತೈತಿ ಅಂತೂ ಅನ್ನಲಿಲ್ಲ. ಸಾಹೇಬ್ರು ಮೀಟಿಂಗಿನಾಗ ಅದಾರ, ಸಾಹೇಬ್ರ ಬದಲಿ ಆತು, ಇವತ್ತ ಸರ್ವರ್ ಇಲ್ಲ. ವರ್ಷಗಟ್ಟಲೆ ತಿರುಗಿ ನನ್ನ ಚಪ್ಪಲಿ ಸವದ್ವು, ಸಿಟ್ಟೂ ಸವೀತು.

ದೊಡ್ಡಪ್ಪನ ಮಗ, ನಮ್ಮ ಅಣ್ಣ, ಇದಕ್ಕೇನೂ ಅಡ್ಡ ಬಂದಾವಲ್ಲ. ಪ್ರತಿ ಯುಗಾದಿಗೆ ನಮ್ಮನಿಗೆ ಬೇವು ಕುಡ್ಯಾಕ ಬಂದಾಗ, ಕರದ್ರ ಬಂದು ಸಹಿ ಹಾಕ್ತೇನಿ ಚಿಗವ್ವ, ನಾ ಏನು ಬ್ಯಾಡ ಅಂತೇನೇನು ಅಂತಿದ್ದ.

ಕಡೀಕ ನಮ್ಮ ವಕೀಲರು ಕಲಬುರಗಿ ಹೈಕೋರ್ಟಿನಾಗ ಕೇಸು ಹಾಕಿದ್ರು. ಅದು ಕಚೇರಿ ಮ್ಯಾಲ, ಅಣ್ಣನ ಮ್ಯಾಲ ಅಲ್ಲ. ಇಂಥಾ ಗಡುವಿನೊಳಗ ಅರ್ಜಿ ತೀರ್ಮಾನ ಮಾಡ್ರಿ ಅಂತ ತಹಶೀಲ್ದಾರರಿಗೆ ಆದೇಶ ಆತು. ಏನಂತ ತೀರ್ಮಾನ ಮಾಡಬೇಕು ಅನ್ನೂದನ್ನ ಕೋರ್ಟು ಹೇಳಿರಲಿಲ್ಲ. ವಕೀಲರು ಇದನ್ನ ಬಿಡಿಸಿ ಬಿಡಿಸಿ ಹೇಳಿದ್ರು, ಆದ್ರ ಕೇಳೋ ಕಿವಿ ಯಾರಿಗಿತ್ರಿ? ಅವ್ವ ಪೇಢೆ ತರಿಸಿ ಓಣಿ ತುಂಬ ಹಂಚಿದಳು. ಮೊದಲ್ನೇದು ತನ್ನ ಕೈಯಾರೆ ಅಣ್ಣನ ಬಾಯಾಗ ಇಟ್ಟಳು. ಅವನೂ ನಕ್ಕೋಂತ ತಿಂದ.

ಊರ ಮಂದಿ ಲೆಕ್ಕ ಬ್ಯಾರೆ. ಒಬ್ಬರು ಗೆದ್ದಾರ ಅಂದ್ರ ಒಬ್ಬರು ಸೋತಿರಬೇಕು. ಚಿಗವ್ವ ಹೈಕೋರ್ಟಿನಾಗ ನಿನ್ನ ಕೆಡವಿದಳಂತಲ್ಲೋ ಅಂತ ಚಾದ ಅಂಗಡ್ಯಾಗ ಅವನ್ನ ಚಾಷ್ಟಿ ಮಾಡಿದ್ರು. ನಾ ಹೋಗಿ, ಹಂಗಲ್ಲ ಅಣ್ಣಾ, ನಿನ್ನ ಹೆಸರ ಅದರಾಗ ಇಲ್ಲ ಅಂತ ತಿಳಿಸಿ ಹೇಳಿದೆ. ಹೂಂ ಅಂದ, ನನ್ನ ಮಾರಿ ನೋಡಲಿಲ್ಲ.

ವಿಚಾರಣೆ ದಿನ ತಹಶೀಲ್ದಾರ ಸಾಹೇಬ್ರು, ವಾಟ್ನಿ ಆಗಿದ್ದು ಖರೇನೇನು ಅಂತ ಅವನ್ನ ಕೇಳಿದ್ರು.

"ನನಗ ಗೊತ್ತಿಲ್ರಿ," ಅಂದ ಅಣ್ಣ.

ಅವ್ವ ಪಕ್ಕದಾಗ ನಿಂತಿದ್ದಳು. ಕಲ್ಲು ಹುಗಿಸಿದ ಹಿರ್ಯಾರೊಳಗ ಸಾಕ್ಷಿ ಹೇಳಾಕ ಒಬ್ಬರೂ ಉಳದಿಲ್ಲ. ತಕರಾರು ಐತಿ, ಸಿವಿಲ್ ಕೋರ್ಟಿಗೆ ಹೋಗ್ರಿ ಅಂತ ಬರದು ಸಾಹೇಬ್ರು ಅರ್ಜಿ ವಜಾ ಮಾಡಿದ್ರು. ಹೈಕೋರ್ಟು ಹೇಳಿದಂಗ, ಗಡುವಿನೊಳಗ. ಯಾರ ಮ್ಯಾಲ ಸಿಟ್ಟಾಗಲಿ ನಾ?

ಇಂಡಿ ಎಸಿ ಸಾಹೇಬ್ರ ಕಚೇರಿಗೆ ಅಪೀಲು ಹಾಕೇವಿ, ಅದೂ ಹಂಗ ಕುಂತೈತಿ. ಈ ಯುಗಾದಿಗೆ ಅಣ್ಣ ಬೇವು ಕುಡ್ಯಾಕ ಬರಲಿಲ್ಲ. ಮೊನ್ನೆ ವಕೀಲರು ಫೋನ್ ಮಾಡಿ, ಅಪೀಲೂ ಲಗೂ ತೀರ್ಮಾನ ಮಾಡ್ರಂತ ಮತ್ತ ಹೈಕೋರ್ಟಿಂದ ಆದೇಶ ತರಬಹುದು ಅಂದ್ರು. ಅವ್ವಗ ಹೇಳಿದೆ. ತೊಗರಿ ಹಸನ ಮಾಡಾಕತ್ತಿದ್ದಳು, ತಲಿ ಎತ್ತಲಿಲ್ಲ.

"ತರಂಗಿದ್ರ ತಾ," ಅಂದಳು. "ಪೇಢೆ ತರಬ್ಯಾಡ."