ಪಾಲು ಕೇಳಿದ ಸೊಸೆ

ನಮ್ಮೂರು ಗಜೇಂದ್ರಗಡ ಇನ್ನೂ ಮುಂಬಯಿ ರಾಜ್ಯದಲ್ಲಿದ್ದಾಗ ನನ್ನ ಮದುವೆಯಾಯಿತು. ಅಣ್ಣ ಮಗ್ಗ ನೋಡಿಕೊಳ್ಳುತ್ತಿದ್ದ, ನಾನು ಸಾಲಿ ಮಾಸ್ತರ. ಹೆಂಡತಿ ಆದವಾನಿಯವಳು. ಮನೆಮಾತು ತೆಲುಗು. ಕನ್ನಡ ಅಷ್ಟಿಷ್ಟು ತಿಳಿಯುತ್ತಿತ್ತು, ಆಡಲು ಮಾತ್ರ ಬಾಯಿ ಬರುತ್ತಿರಲಿಲ್ಲ. ಎರಡು ತಿಂಗಳು ತಲೆಯಾಡಿಸುವುದರಲ್ಲೇ ಕಳೆದಳು. ‘ಸೊಸಿ ಭಾಳ ಬಿಗುಮಾನದಾಕಿ’ ಎಂದು ಅವ್ವನಿಗೆ ಅನುಮಾನ.

ಒಂದು ಸಂಜೆ ನಾನು ಸಾಲಿಯಿಂದ ಬಂದರೆ ಅವ್ವ ಗೋಡೆಗೆ ಮುಖ ಮಾಡಿ ಮಲಗಿದ್ದಳು. ಮಧ್ಯಾಹ್ನ ಊಟವನ್ನೂ ಮಾಡಿರಲಿಲ್ಲ.

“ಏನಾತವ್ವಾ?”

“ನಿಮ್ಮಣ್ಣನ್ನ ಕರಿ. ಮನಿ ಪಾಲು ಮಾಡಿ ಕೊಟ್ಟುಬಿಡೂಣು. ಬಾಜೂ ಮನಿಯಾಕಿ ಮುಂದ ‘ಪಾಲು, ಪಾಲು’ ಅಂತ ಒದರಿದ್ಳಪಾ ನಿನ್ನ ಹೇಣ್ತಿ. ಬಂದು ಎರಡು ತಿಂಗಳಾಗೇತಷ್ಟ!”

ಅಡುಗೆಮನೆಗೆ ಹೋದೆ. ಹೆಂಡತಿ ಅತ್ತು ಕಣ್ಣು ಕೆಂಪಗೆ ಮಾಡಿಕೊಂಡು ಕೂತಿದ್ದಳು. ಕೇಳಿದರೆ ಒಲೆಯ ಕಡೆ ಬೆರಳು ತೋರಿಸಿದಳು. ಒಲೆಯ ಮೈಮೇಲೆ ಹಾಲು ಉಕ್ಕಿ ಇಳಿದ ಬಿಳಿ ಗೀರುಗಳು. ಹಿತ್ತಲಲ್ಲಿ ಬಾಜೂ ಮನೆಯಾಕೆಯ ಜೊತೆ ಬಟ್ಟೆ ಒಗೆಯುತ್ತಿದ್ದವಳು ಹಾಲು ಉಕ್ಕುವುದನ್ನು ಕಂಡು ಕೂಗುತ್ತ ಓಡಿಬಂದಿದ್ದಳು, ಅಷ್ಟೆ. ತೆಲುಗಿನಲ್ಲಿ ಹಾಲಿಗೆ ಪಾಲು.

ಅವ್ವನಿಗೆ ಬಿಡಿಸಿ ಹೇಳಿದೆ. ಟ್ರೇನಿಂಗಿನಲ್ಲಿ ಓದಿದ್ದ ಹಳಗನ್ನಡವೂ ನೆನಪಾಯಿತು. “ಯವ್ವಾ, ನಮ್ಮ ಹಿರ್ಯಾರೂ ಹಾಲಿಗೆ ಪಾಲ್ ಅಂತಿದ್ರು, ಹಾವಿಗೆ ಪಾವು ಅಂತಿದ್ರು. ಆಮ್ಯಾಲ ಪ ಹೋಗಿ ಹ ಆತು.”

ಅವ್ವ ಎದ್ದು ಕೂತಳು. “ಹಂಗಾರ ಆಕಿದು ತಪ್ಪಲ್ಲ, ನಮ್ಮ ಬಾಯೇ ಸಡ್ಲ ಆಗೇತೇನು?”

ಆ ಸಂಜೆ ಅವ್ವ ತಾನೇ ಸೊಸೆಗೆ ರೊಟ್ಟಿ ಬಡಿಸಿದಳು. ಮರುದಿನದಿಂದ ಜೋಳ ಹಸನು ಮಾಡುವಾಗ ಇಬ್ಬರ ನಡುವೆ ಇದೇ ಆಟ.

“ಹುಲಿಗೆ?”

“ಪುಲಿ.”

“ಕಿವಿಗೆ?”

“ಚೆವಿ.”

“ಕೆರಿಗೆ?”

“ಚೆರುವು.”

ಅಕ್ಷರ ಬಾರದ ಅವ್ವ ಇಲ್ಲೊಂದು ದಾರಿ ಕಂಡುಕೊಂಡಳು: ನಮ್ಮ ಕ ಅವರಲ್ಲಿ ಚ. “ಅಂದ್ರ ಕಾಲಿಗೆ ಚಾಲು ಅಂತೀರಿ, ಹೌದಿಲ್ಲೋ?”

“ಲೇದು ಅತ್ತಮ್ಮಾ, ಕಾಲು. ಕಾಲೇ!” ಎಂದು ಹೆಂಡತಿ ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. ಅವಳ ನಗೆ ನಾನು ಕೇಳಿದ್ದು ಅದೇ ಮೊದಲು. ಕಾಲು ಮಾತ್ರ ಏಕೆ ಬದಲಾಗಲಿಲ್ಲ ಎಂದು ನಾನು ವಾರಗಟ್ಟಲೆ ತಲೆ ಕೆಡಿಸಿಕೊಂಡೆ. ಸಾಲಿಯ ಹಳೆಯ ವಹಿಯೊಂದರಲ್ಲಿ ಪದಗಳನ್ನು ಬರೆಯುತ್ತ ಹೋದಂತೆ ಹೊಳೆಯಿತು: ಕಿ, ಕೆ ಇದ್ದಲ್ಲಿ ಚ ಬರುತ್ತದೆ, ಕಾಲು, ಕೋತಿ ಇದ್ದಂತೆಯೇ ಇರುತ್ತವೆ. ಯಾರೋ ಪಂಡಿತರು ಎಂದೋ ಕಂಡುಕೊಂಡಿದ್ದ ಸಂಗತಿಯೇ ಇರಬೇಕು. ಆದರೂ ಅಂದು ನನಗೆ ಆದ ಹಿಗ್ಗು ಹೇಳತೀರದು.

ಮಳೆಗಾಲದಲ್ಲಿ ನನ್ನ ಅತ್ತೆ ಆದವಾನಿಯಿಂದ ಬಂದರು. ಮಾತು ತಿಳಿಸಿಕೊಡಲೆಂದು ಹೆಂಡತಿ ಹತ್ತಿರ ಕೂತರೆ ಅವ್ವ ಅವಳನ್ನು ಎಬ್ಬಿಸಿದಳು. “ನೀ ಒಳಗ ನಡಿ. ನಾವು ಬೀಗತೇರು ಮಾತಾಡ್ತೀವಿ.” ಪಡಸಾಲೆಯಲ್ಲಿ ಇಬ್ಬರೂ ದೀಪ ಹಚ್ಚುವವರೆಗೆ ಕೂತಿದ್ದರು. ಮಾವ ತೀರಿಹೋದದ್ದು, ಇದ್ದೊಬ್ಬ ಮಗಳನ್ನು ಇಷ್ಟು ದೂರ ಕೊಡಲು ಹೆದರಿದ್ದು, ಅತ್ತೆ ಎಲ್ಲವನ್ನೂ ತೆಲುಗಿನಲ್ಲೇ ಹೇಳಿಕೊಂಡಿದ್ದರು.

“ಎಲ್ಲಾ ತಿಳೀತೇನವ್ವಾ?” ಎಂದು ಕೇಳಿದೆ.

“ಅರ್ಧ ತಿಳೀತು. ಉಳಿದದ್ದು ಹೇಳುವಾಗ ಅಳಾಕತ್ತಿದ್ರು. ಅದು ತಿಳೀದ ಇರ್ತೈತೇನು?”

ಎಂಟು ದಿನಕ್ಕೆಂದು ಬಂದಿದ್ದ ಅತ್ತೆಯನ್ನು ಅವ್ವ ಶ್ರಾವಣ ಮುಗಿಯುವತನಕ ಬಿಡಲಿಲ್ಲ.